ಮಲವಗೊಪ್ಪದಲ್ಲಿ ಇಳಿಯುತ್ತಿದ್ದ ಮೇಡಂ

ನಮ್ಮ ಹೈಸ್ಕೂಲಿನ ಪಿ.ಟಿ. ಮೇಡಂ ಯಾರನ್ನೂ ಹೆಸರು ಹಿಡಿದು ಕರೆದವರಲ್ಲ. ಹುಡುಗಿಯರನ್ನು ಬೆನ್ನ ಮೇಲಿನ ನಂಬರಿನಿಂದ ಕರೆಯುತ್ತಿದ್ದರು, ನಮ್ಮನ್ನು ನಾವು ಕಲಿಸುವ ಪಾಠದಿಂದ. ಗಣಿತದವರು ‘ಲೆಕ್ಕ’, ಹಿಂದಿಯವರು ‘ಹಿಂದಿ’, ನಾನು ‘ಸೈನ್ಸು’. ಶಿವಮೊಗ್ಗದಿಂದ ಭದ್ರಾವತಿಗೆ ಬಸ್ಸಿನಲ್ಲಿ ಹೋಗಿ ಬಂದು ಕೆಲಸ ಮಾಡಲು ನಾನು ಶುರು ಮಾಡಿದ ಮೊದಲ ದಿನವೇ ಸ್ಟಾಫ್‌ರೂಮಿನ ಬಾಗಿಲಲ್ಲಿ ನಿಂತು, “ಏನೇ ಸೈನ್ಸೂ, ಡಬ್ಬಿ ತಂದಿದೀಯೋ, ನಮ್ಮ ಡಬ್ಬಿ ಮೇಲೆ ಕಣ್ಣೋ?” ಎಂದು ಕೇಳಿದ್ದರು. ಪರಿಚಯವಿಲ್ಲದವರು ಏಕವಚನದಲ್ಲಿ ಮಾತಾಡಿಸಿದ್ದಕ್ಕೆ ಆವತ್ತು ನನಗೆ ಸಿಟ್ಟು ಬಂದಿತ್ತು. ಮಧ್ಯಾಹ್ನ ತಮ್ಮ ಡಬ್ಬಿಯ ಅರ್ಧ ಚಿತ್ರಾನ್ನ ನನ್ನ ಮುಚ್ಚಳಕ್ಕೆ ಹಾಕಿ ಏನೂ ಆಗದವರ ಹಾಗೆ ಗ್ರೌಂಡಿಗೆ ಹೋದರು. ಸಿಟ್ಟು ಅಲ್ಲಿಗೆ ಮುಗಿಯಿತು.

ಹೆಸರು ಹಿಡಿಯುವುದು ಅವರ ಪದ್ಧತಿಯಲ್ಲ ಎಂದ ಮೇಲೆ ಅವರ ಹೆಸರನ್ನು ನಾನೂ ಇಲ್ಲಿ ಬರೆಯುವುದಿಲ್ಲ. ಎತ್ತರದ ಹೆಂಗಸು. ಚೂಡಿದಾರದ ಟಾಪಿನ ಕೆಳಗೆ ಟ್ರ್ಯಾಕ್ ಪ್ಯಾಂಟು, ಕಾಲಿಗೆ ಕ್ಯಾನ್ವಾಸ್ ಶೂ. ಮದುವೆಮನೆಗೆ ಮಾತ್ರ ಸೀರೆ, ಅದೂ ಮೊಣಕಾಲು ಬಿಡಿಸಿಕೊಂಡು ಓಡಲು ಬರುವ ಹಾಗೆ ಉಟ್ಟಿರುತ್ತಿದ್ದರು. ಸೀಟಿ ಊದುವುದು ಅವರಿಗೆ ಸೇರದು. “ಸೀಟಿ ಊದೋಕೆ ಪೊಲೀಸ್ರಿದಾರೆ” ಎನ್ನುತ್ತಿದ್ದರು. ಗ್ರೌಂಡಿನ ಆ ತುದಿಯಿಂದ ಅವರು ಎರಡು ಚಪ್ಪಾಳೆ ತಟ್ಟಿದರೆ ನನ್ನ ಕ್ಲಾಸಿನ ಹಿಂದಿನ ಬೆಂಚಿನಲ್ಲಿ ತೂಕಡಿಸುತ್ತಿದ್ದವರೂ ನೆಟ್ಟಗೆ ಕೂರುತ್ತಿದ್ದರು.

ಅವರು ಕಲಿಸಿದ್ದು ಕಬಡ್ಡಿ. ಕಾರ್ಖಾನೆಯ ಕೆಲಸ ಹೋದ ಮನೆಗಳಿಂದ, ತಮಿಳು ತೆಲುಗು ಉರ್ದು ಮಾತಾಡುವ ಮನೆಗಳಿಂದ ಬಂದ ಹುಡುಗಿಯರನ್ನು ಒಂದು ಅಂಕಣದಲ್ಲಿ ಕೈಕೈ ಹಿಡಿಸಿ ನಿಲ್ಲಿಸುತ್ತಿದ್ದರು. ಒಮ್ಮೆ ಶಂಕರಘಟ್ಟದಲ್ಲಿ ಪಂದ್ಯವಿತ್ತು. ನಾನೂ ಜೊತೆಗೆ ಹೋಗಿದ್ದೆ. ಇನ್ನೇನು ಆಟ ಶುರುವಾಗಬೇಕು, ಒಬ್ಬಳು ಹುಡುಗಿ ಗೋಡೆಗೆ ಬೆನ್ನು ಕೊಟ್ಟು ನಿಂತು ಅಳುತ್ತಿದ್ದಳು. ಬಟ್ಟೆ ಕಲೆಯಾಗಿತ್ತು. ಮೇಡಂ ಅವಳನ್ನು ಕರೆದುಕೊಂಡು ಹೋಗಿ ತಮ್ಮ ಬ್ಯಾಗಿನಲ್ಲಿದ್ದ ಬೇರೆ ಪ್ಯಾಂಟು ಹಾಕಿಸಿ, ಕಾಲ ಬಳಿ ಮಡಿಸಿ ಪಿನ್ನು ಚುಚ್ಚಿ ಕರೆತಂದರು. ಆಮೇಲೆ ಎಲ್ಲರನ್ನೂ ಸುತ್ತ ಕೂರಿಸಿಕೊಂಡು ಹೇಳಿದರು: “ರಕ್ತ ಬಂದ್ರೆ ಹೇಳ್ಬೇಕು ಕಣ್ರೇ. ಮುಚ್ಚಿಟ್ಕೊಂಡ್ರೆ ಅದು ನಿಲ್ಲುತ್ತಾ? ನಾಚ್ಕೆ ಪಡೋಕೆ ನೀವೇನು ಕದ್ದಿದೀರಾ?” ಆ ಹುಡುಗಿ ಆವತ್ತು ಆಡಿದಳು. ಗೆದ್ದೆವೋ ಸೋತೆವೋ ನೆನಪಿಲ್ಲ.

ಅವರು ಇದ್ದದ್ದು ಭದ್ರಾವತಿಯ ಜನ್ನಾಪುರದಲ್ಲಿ, ಒಂದು ಮನೆಯ ಮಹಡಿಯ ಮೇಲೆ. ಒಂದು ರೂಮು, ಒಂದು ಅಡುಗೆಮನೆ, ಮುಂದೆ ಬಟ್ಟೆ ಒಣಗಿಸುವಷ್ಟು ಜಾಗ. ಮದುವೆ ಆಗಿರಲಿಲ್ಲ. ಒಬ್ಬನೇ ಅಣ್ಣ, ಮಲವಗೊಪ್ಪದಲ್ಲಿ ಹೆದ್ದಾರಿಯ ಪಕ್ಕ ಟೈರ್ ಅಂಗಡಿ, ಅಂಗಡಿಯ ಹಿಂದೆಯೇ ಮನೆ. ನಾನು ದಿನಾ ಹೋಗಿ ಬರುವ ಬಸ್ಸು ಆ ಅಂಗಡಿಯ ಮುಂದೆಯೇ ಹಾದುಹೋಗುತ್ತದೆ. ಅಪರೂಪಕ್ಕೆ ಇಬ್ಬರೂ ಜೊತೆಗೆ ಶಿವಮೊಗ್ಗಕ್ಕೆ ಹೋಗುವಾಗ ಆ ಜಾಗ ಬಂದಾಗ ಮೇಡಂ ಮಾತು ನಿಲ್ಲಿಸುತ್ತಿದ್ದರು. ಯಾಕೆ ಎಂದು ಬಹಳ ವರ್ಷ ನಾನು ಕೇಳಿರಲಿಲ್ಲ. ಒಂದು ದಿನ ಅವರೇ ಹೇಳಿದರು.

“ಅಣ್ಣ ಗಂಡು ಗೊತ್ತು ಮಾಡಿದ್ದ ಕಣೇ. ಒಳ್ಳೇ ಮನೆತನ. ನೋಡೋಕೆ ಬರೋ ದಿನ ನಂದು ಸ್ಟೇಟ್ ಸೆಲೆಕ್ಷನ್. ಬೆಳಿಗ್ಗೆ ಬ್ಯಾಗ್ ತಗೊಂಡು ಹೊರಟುಬಿಟ್ಟೆ. ಬಂದೋರೆದುರಿಗೆ ಅವನು ಏನು ಅಂತ ಹೇಳ್ಬೇಕು, ಪಾಪ. ವಾಪಸ್ ಬಂದಾಗ, ಇನ್ಮೇಲೆ ಈ ಹೊಸಿಲು ತುಳೀಬೇಡ ಅಂದ. ಅವ್ವ ಇದ್ದಾಗ ಹಿಂದಿನ ಬಾಗಿಲಿಂದ ಹೋಗಿ ಬರ್ತಿದ್ದೆ. ಅವ್ವ ಹೋದ್ಮೇಲೆ ಅದೂ ಇಲ್ಲ.”

“ಸೆಲೆಕ್ಟ್ ಆದ್ರಾ?”

“ಎಲ್ಲಿ! ಮೊದಲನೇ ರೌಂಡಲ್ಲೇ ಔಟು” ಎಂದು ಗಟ್ಟಿಯಾಗಿ ನಕ್ಕಿದ್ದರು.

ಕಾಯಿಲೆ ಗೊತ್ತಾದದ್ದು ಗ್ರೌಂಡಿನಲ್ಲಿ. ಅದಕ್ಕೂ ಮೊದಲು ಕೆಲವು ತಿಂಗಳಿಂದ ಅವರು ಇಳಿದುಹೋಗಿದ್ದರು. ಕೇಳಿದರೆ, “ಡಯಟ್ ಮಾಡ್ತಿದೀನಿ, ನಿಮ್ಮ ಥರ ಕೂತು ತಿನ್ನೋಳಲ್ಲ” ಎನ್ನುತ್ತಿದ್ದರು. ಆವತ್ತು ಚಪ್ಪಾಳೆ ತಟ್ಟುತ್ತಿದ್ದವರು ಹಾಗೇ ಹೊಟ್ಟೆ ಹಿಡಿದುಕೊಂಡು ಕೂತರು. ಹೊಟ್ಟೆ ಕಲ್ಲಿನ ಹಾಗೆ ಉಬ್ಬಿತ್ತು. ವಾಂತಿ. ಲೆಕ್ಕದ ಮೇಷ್ಟ್ರ ಕಾರಿನಲ್ಲಿ ಹಾಕಿಕೊಂಡು ಶಿವಮೊಗ್ಗದ ಆಸ್ಪತ್ರೆಗೆ ಓಡಿದೆವು. ದೊಡ್ಡ ಕರುಳಿನ ಕೆಳಭಾಗದಲ್ಲಿ ಗಡ್ಡೆ ಬೆಳೆದು ದಾರಿಯೇ ಮುಚ್ಚಿಹೋಗಿದೆ ಎಂದರು. ಅವತ್ತೇ ಆಪರೇಷನ್ ಆಯಿತು. ಗಡ್ಡೆ ಇದ್ದ ತುಂಡನ್ನು ತೆಗೆದು, ಉಳಿದ ಕರುಳಿನ ತುದಿಯನ್ನು ಹೊಟ್ಟೆಯ ಎಡಭಾಗದಲ್ಲಿ ಹೊರಗೆ ತಂದು, ಮಲ ಬಂದು ಬೀಳಲು ಅದಕ್ಕೊಂದು ಚೀಲ ಅಂಟಿಸಿದರು. ಸ್ಕ್ಯಾನಿನಲ್ಲಿ ಲಿವರಿನ ಮೇಲೂ ಚುಕ್ಕೆಗಳು ಕಂಡವು.

ವಾರ ಕಳೆದು, ಗಡ್ಡೆಯ ಪರೀಕ್ಷೆಯ ವರದಿ ಬಂದ ಮೇಲೆ ಕ್ಯಾನ್ಸರ್ ಡಾಕ್ಟರ ಮುಂದೆ ಕೂತೆವು. ನಡುವಯಸ್ಸಿನ, ಮೆಲುದನಿಯ ಮನುಷ್ಯ.

“ನೀವು ಇವರಿಗೆ ಏನಾಗ್ಬೇಕು?” ಎಂದು ನನ್ನನ್ನು ಕೇಳಿದರು.

“ಜೊತೆಗೆ ಕೆಲಸ ಮಾಡ್ತೀವಿ.”

“ಒಂದ್ನಿಮಿಷ ಹೊರಗೆ ಬರ್ತೀರಾ?”

ನಾನು ಏಳುವ ಮೊದಲೇ ಮೇಡಂ ನನ್ನ ಮಣಿಕಟ್ಟು ಹಿಡಿದರು. ಅದು ಆಟಗಾರ್ತಿಯ ಹಿಡಿತ, ಬಿಡಿಸಿಕೊಳ್ಳಲು ಆಗುವಂಥದ್ದಲ್ಲ. “ಡಾಕ್ಟ್ರೇ, ಕಾಯಿಲೆ ನಂದು. ಇವಳು ಬರೀ ಸೈನ್ಸು. ಇಲ್ಲೇ ಹೇಳಿ.”

ಡಾಕ್ಟರು ಕುರ್ಚಿ ಮುಂದಕ್ಕೆ ಎಳೆದುಕೊಂಡರು. “ಕರುಳಿನ ಕ್ಯಾನ್ಸರ್. ಲಿವರಿಗೂ ಹೋಗಿದೆ. ಕರುಳಿಂದ ಹೊರಟ ರಕ್ತ ಮೊದಲು ಲಿವರಿಗೇ ಹೋಗೋದು. ಅದರ ಜೊತೆ ಇದೂ ಹೋಗಿ ಅಲ್ಲಿ ಕೂತಿದೆ. ಆದ್ರೆ ಲಿವರಲ್ಲಿ ಇರೋದು ಲಿವರ್ ಕ್ಯಾನ್ಸರ್ ಅಲ್ಲ, ಅದೂ ಕರುಳಿಂದೇ. ಔಷಧಿ ಕೊಡೋದೂ ಕರುಳಿನ ಕ್ಯಾನ್ಸರ್‌ಗೇ.”

“ಅಂದ್ರೆ ಭದ್ರಾವತಿಯೋಳು ಶಿವಮೊಗ್ಗಕ್ಕೆ ಬಂದು ಮನೆ ಮಾಡಿದ್ರೂ ಭದ್ರಾವತಿಯೋಳೇ.”

“ಹಾಗೇ ಅಂದ್ಕೊಳ್ಳಿ. ಇದಕ್ಕೆ ನಾಲ್ಕನೇ ಹಂತ ಅಂತೀವಿ.”

“ಐದನೇದು ಇದೆಯಾ?”

“ಇಲ್ಲ.”

ಮೇಡಂ ತಲೆಯಾಡಿಸಿದರು. ಹತ್ತನೇ ತರಗತಿಗೆ ಜೀರ್ಣಾಂಗದ ಚಿತ್ರವನ್ನು ನಾನು ಎಷ್ಟು ವರ್ಷ ಬೋರ್ಡಿನ ಮೇಲೆ ಬರೆದಿದ್ದೆನೋ. ಕರುಳು ಬಿಳಿ ಚಾಕ್‌ಪೀಸು, ಲಿವರು ಕಂದು ಚಾಕ್‌ಪೀಸು. ಆ ಎರಡರ ಮಧ್ಯೆ ಎಳೆಯುತ್ತಿದ್ದ ನೀಲಿ ಗೆರೆ ಒಬ್ಬರ ಮೈಯಲ್ಲಿ ಹೀಗೆ ಕೆಲಸ ಮಾಡುತ್ತದೆ ಎಂದು ಅಲ್ಲಿ ಕೂತು ತಿಳಿಯಿತು.

“ವಾಸಿ ಆಗುತ್ತಾ?” ಎಂದು ಕೇಳಿದವರು ಮೇಡಂ.

“ಲಿವರಲ್ಲಿ ಒಂದೋ ಎರಡೋ ಗಂಟಿದ್ರೆ ಕೆಲವರಿಗೆ ಕತ್ತರಿಸಿ ತೆಗೀಬಹುದು. ಅಂಥೋರಲ್ಲಿ ಪೂರ್ತಿ ಹುಷಾರಾದೋರೂ ಇದಾರೆ. ನಿಮ್ಮದು ಎರಡೂ ಬದಿಗೆ ಹರಡಿದೆ. ಔಷಧಿಯಿಂದ ಕುಗ್ಗಿಸಬಹುದು, ಬೆಳೆಯೋದನ್ನ ತಡೀಬಹುದು. ಚೆನ್ನಾಗಿ ಕುಗ್ಗಿದ್ರೆ ಆಪರೇಷನ್ ವಿಚಾರ ಮತ್ತೆ ನೋಡೋಣ. ಆದ್ರೆ ಬೇರು ಸಮೇತ ತೆಗೀತೀನಿ ಅಂತ ಇವತ್ತು ಹೇಳಿದ್ರೆ ಅದು ಸುಳ್ಳಾಗುತ್ತೆ.”

“ಎಷ್ಟು ದಿನ ಇರ್ತೀನಿ?”

“ನಂಬರ್ ಹೇಳ್ಬಹುದು ಮೇಡಂ. ಅದು ಸಾವಿರಾರು ಜನರನ್ನ ಒಟ್ಟಿಗೆ ನಿಲ್ಲಿಸಿ ತೆಗೆದ ನಂಬರು. ನಿಮ್ಮೊಬ್ಬರದ್ದಲ್ಲ. ಔಷಧಿ ಹಿಡಿದ್ರೆ ವರ್ಷಗಳ ಲೆಕ್ಕದಲ್ಲಿ ಮಾತಾಡೋಣ. ಹಿಡೀಲಿಲ್ಲ ಅಂದ್ರೆ ತಿಂಗಳುಗಳ ಲೆಕ್ಕ. ಮುಂದಿನ ಸ್ಕ್ಯಾನ್‌ನಲ್ಲಿ ಗೊತ್ತಾಗುತ್ತೆ.” ನಾವು ಎದ್ದು ಹೊರಡುವಾಗ ಮತ್ತೆ ಕರೆದು ಕೇಳಿದರು: “ಒಡಹುಟ್ಟಿದೋರು ಇದಾರಾ?”

“ಒಬ್ಬ ಅಣ್ಣ.”

“ಅವರಿಗೆ ಹೇಳಿ, ಕರುಳೊಳಗೆ ಕ್ಯಾಮೆರಾ ಬಿಟ್ಟು ಪರೀಕ್ಷೆ ಮಾಡಿಸ್ಕೋಬೇಕು. ತೊಂದರೆ ಏನೂ ಇಲ್ದಿದ್ರೂ ಸರಿ. ಚಿಕ್ಕ ಗಂಟಾಗಿದ್ದಾಗ್ಲೇ ಸಿಕ್ಕಿದ್ರೆ ತೆಗೆದು ಬಿಸಾಕಿ ಮನೆಗೆ ಹೋಗ್ಬಹುದು.”

ಹೊರಗೆ ಕಾರಿಡಾರಿನ ಬೆಂಚಿನಲ್ಲಿ ಕೂತೆವು. ಮೇಡಂ ನೆಲ ನೋಡುತ್ತಾ ಹೇಳಿದರು: “ಒಂದು ವರ್ಷದ ಮೇಲಾಯ್ತು ಸೈನ್ಸೇ, ರಕ್ತ ಹೋಗೋಕೆ ಶುರುವಾಗಿ. ಮೂಲವ್ಯಾಧಿ ಅಂದ್ಕೊಂಡೆ. ಮೆಡಿಕಲ್ ಸ್ಟೋರಲ್ಲಿ ಮುಲಾಮು ತಗೊಂಡೆ, ಅದೂ ಬೇರೆಯವರಿಗೆ ಅಂತ ಸುಳ್ಳು ಹೇಳಿ. ಮುಟ್ಟಿನ ರಕ್ತ ಆದ್ರೆ ಹೇಳ್ಬಹುದು. ಇದನ್ನ ಯಾರ ಹತ್ರ ಹೇಳ್ಲಿ? ಮನೇಲಿ ಒಂದು ಜನ ಇದ್ದಿದ್ರೆ, ಯಾಕೆ ಇಷ್ಟು ಹೊತ್ತು ಬಾತ್‌ರೂಮಲ್ಲಿ ಅಂತ ಬೈದಾದ್ರೂ ಬೈದಿರೋರು.”

ನಾನು ಅವರ ಬೆನ್ನ ಮೇಲೆ ಕೈ ಇಟ್ಟೆ. ಬೆನ್ನು ಸಣ್ಣದಾಗಿತ್ತು.

ಆ ಚೀಲದ ಜೊತೆ ಬದುಕುವುದನ್ನು ಅವರಿಗೆ ಕಲಿಸಿದವಳು ನಸೀಮಾ. ಆಸ್ಪತ್ರೆಯ ಸ್ಟಾಫ್ ನರ್ಸ್, ನಮ್ಮ ಶಾಲೆಯ ಹಳೆಯ ವಿದ್ಯಾರ್ಥಿನಿ, ಕಬಡ್ಡಿ ತಂಡದಲ್ಲಿದ್ದವಳು. ಮೊದಲ ದಿನ ಮೇಡಂ ಚೀಲವನ್ನು ನೋಡಲೂ ಒಪ್ಪದೆ ಗೋಡೆಯ ಕಡೆ ಮುಖ ತಿರುಗಿಸಿ ಮಲಗಿದ್ದರು. ನಸೀಮಾ ಪರದೆ ಎಳೆದು ಹತ್ತಿರ ಕೂತಳು.

“ನನ್ನ ಕಾಲು ಹಿಡಿದು ಎಷ್ಟು ಸಲ ಮಣ್ಣಲ್ಲಿ ಬೀಳಿಸಿದೀರ ಮೇಡಂ. ಬಿದ್ದೋಳನ್ನ ಏಳು ಅಂತ ನೀವೇ ಬೈತಿದ್ರಿ. ಈಗ ಏಳಿ. ಕೈ ಕೊಡಿ ಇಲ್ಲಿ. ನಿಮ್ಮದೇ ಮೈ, ಹೆದರ್ಕೋಬೇಡಿ.”

“ವಾಸನೆ ಬರುತ್ತೆ ಕಣೇ.”

“ಸರಿಯಾಗಿ ಅಂಟಿಸಿದ್ರೆ ಬರಲ್ಲ. ನಾನು ತೋರಿಸ್ತೀನಿ.”

ಕಲಿತರು. ಆದರೆ ವಾಸನೆ ಬರುವುದಿಲ್ಲ ಎಂದು ಅವರು ಯಾವತ್ತೂ ನಂಬಲಿಲ್ಲ. ರಜೆ ಮುಗಿಸಿ ಶಾಲೆಗೆ ಬಂದಾಗ ಸ್ಟಾಫ್‌ರೂಮಿಗೆ ಊಟಕ್ಕೆ ಬರುವುದನ್ನು ಬಿಟ್ಟರು. ಆಟದ ಸಾಮಾನಿನ ಕೋಣೆಯಲ್ಲಿ ಬಾಗಿಲು ಮುಂದೆ ಮಾಡಿಕೊಂಡು ಒಬ್ಬರೇ ತಿನ್ನುತ್ತಿದ್ದರು, ಅದೂ ನಾಲ್ಕು ತುತ್ತು. ಹೊಟ್ಟೆ ಗುರುಗುಟ್ಟಿದರೆ ಚೀಲದಿಂದ ಸದ್ದು ಬರುತ್ತದೆ ಎಂದು ಪ್ರೇಯರ್‌ನಲ್ಲಿ ಎಲ್ಲರಿಂದ ದೂರ ನಿಲ್ಲುತ್ತಿದ್ದರು. ಮದುವೆಗಳಿಗೆ ಹೋಗಲಿಲ್ಲ. ಬಸ್ಸಿನಲ್ಲಿ ಕೊನೆಯ ಸೀಟು, ಕಿಟಕಿ ಪಕ್ಕ, ಕಿಟಕಿ ತೆಗೆದೇ ಇರಬೇಕು. ನಾನು ಪಕ್ಕದಲ್ಲಿ ಕೂತರೆ, “ಮುಂದೆ ಸೀಟಿದೆಯಲ್ಲ ಮಾರಾಯ್ತಿ, ಅಲ್ಲಿ ಕೂತ್ಕೋ” ಎನ್ನುತ್ತಿದ್ದರು. ನಾನು ಏಳುತ್ತಿರಲಿಲ್ಲ. ಅವರೂ ಒತ್ತಾಯ ಮಾಡುತ್ತಿರಲಿಲ್ಲ. ಆದರೆ ಇಬ್ಬರ ಮಧ್ಯೆ ಅವರ ಬ್ಯಾಗು ಇರುತ್ತಿತ್ತು.

ಎರಡು ವಾರಕ್ಕೊಮ್ಮೆ ಕೀಮೋ. ಆಸ್ಪತ್ರೆಯಲ್ಲಿ ಅರ್ಧ ದಿನ ಡ್ರಿಪ್ಪು, ಆಮೇಲೆ ಎದೆಯ ಹತ್ತಿರದ ಟ್ಯೂಬಿಗೆ ಒಂದು ಸಣ್ಣ ಬಾಟಲಿ ಜೋಡಿಸಿ ಮನೆಗೆ ಕಳಿಸುತ್ತಿದ್ದರು. ಅದು ಎರಡು ದಿನ ತೊಟ್ಟು ತೊಟ್ಟಾಗಿ ಮೈಗೆ ಇಳಿಯುತ್ತಿತ್ತು. ಆ ಎರಡು ದಿನ ಅವರು ರೂಮಿನಲ್ಲಿ ಟಿವಿ ಹಾಕಿಕೊಂಡು ಕೂತಿರುತ್ತಿದ್ದರು. ಏನು ನೋಡ್ತಿದೀರಿ ಎಂದು ಫೋನಿನಲ್ಲಿ ಕೇಳಿದರೆ, “ನೋಡ್ತಿಲ್ಲ, ಯಾರೋ ಮಾತಾಡ್ತಿರ್ಲಿ ಅಂತ” ಎನ್ನುತ್ತಿದ್ದರು.

ಆ ಔಷಧಿಯ ಒಂದು ಗುಣವೆಂದರೆ ತಣ್ಣಗಿನದ್ದು ಆಗದು. ತಣ್ಣೀರು ಮುಟ್ಟಿದರೆ ಬೆರಳಿಗೆ ಕರೆಂಟು ಹೊಡೆದ ಹಾಗಾಗುತ್ತದೆ, ಕುಡಿದರೆ ಗಂಟಲು ಕಟ್ಟಿಕೊಳ್ಳುತ್ತದೆ. ಬೆಳಗಿನ ಹೊತ್ತು ಕಬ್ಬಿಣದ ಗೇಟು ತೆಗೆಯಲೂ ಕೈಗೆ ಟವೆಲು ಸುತ್ತಿಕೊಳ್ಳುತ್ತಿದ್ದರು.

ಮೊದಲ ಕೀಮೋ ಮುಗಿಸಿಕೊಂಡು ಭದ್ರಾವತಿಯ ಬಸ್ಸು ಹತ್ತಿದ್ದೆವು. ಅವರನ್ನು ಮನೆಗೆ ಬಿಟ್ಟು ಬರಲು ನಾನೂ ಹೊರಟಿದ್ದೆ. ಮಲವಗೊಪ್ಪ ಬರುತ್ತಿದ್ದ ಹಾಗೆ ಅವರು ಎದ್ದರು. “ಇಳಿ” ಎಂದರು.

ಟೈರ್ ಅಂಗಡಿಯ ಮುಂದೆ ಲಾರಿಯೊಂದರ ಚಕ್ರ ಬಿಚ್ಚಿಟ್ಟಿದ್ದರು. ಅಣ್ಣ ಎಂದು ನಾನು ಗುರುತಿಸಿದ್ದು ಎತ್ತರದಿಂದ. ಅದೇ ಎಲುಬು, ಅದೇ ಅಗಲ ಭುಜ. ಅವರು ತಂಗಿಯನ್ನು ನೋಡಿದರು, ಮತ್ತೆ ಟೈರಿಗೆ ಬಗ್ಗಿದರು. ಕಂಪ್ರೆಸರ್ ಜೋರಾಗಿ ಓಡುತ್ತಿತ್ತು. ಮೇಡಂ ಗ್ರೌಂಡಿನ ದನಿಯಲ್ಲಿ ಹೇಳಿದರು:

“ನಂಗೆ ಕರುಳಿನ ಕ್ಯಾನ್ಸರ್ ಆಗಿದೆ. ಲಿವರಿಗೂ ಹೋಗಿದೆ. ಒಡಹುಟ್ಟಿದೋರು ಪರೀಕ್ಷೆ ಮಾಡಿಸ್ಕೋಬೇಕು ಅಂದಿದಾರೆ. ಅದನ್ನ ಹೇಳೋಕೆ ಬಂದೆ.”

ಅಣ್ಣ ಕಂಪ್ರೆಸರ್ ಆಫ್ ಮಾಡಿದರು. ಸದ್ದು ನಿಂತಮೇಲೆ ಅವರ ಮಾತು ಇನ್ನೂ ಒರಟಾಗಿ ಕೇಳಿಸಿತು. “ಇಷ್ಟು ವರ್ಷ ಇಲ್ಲದ್ದು, ಈಗ ಕಾಯಿಲೆ ಹಂಚೋಕೆ ಬಂದ್ಯಾ?”

ಅಷ್ಟರಲ್ಲಿ ಒಳಗಿನಿಂದ ಅತ್ತಿಗೆ ಬಂದರು. ಮಾತಿಲ್ಲದ ಹೆಂಗಸು. ಸ್ಟೀಲ್ ಲೋಟದಲ್ಲಿ ನೀರು ತಂದು ನಾದಿನಿಯ ಕೈಗೆ ಹಿಡಿಸಿದರು. ಫ್ರಿಜ್ಜಿನ ನೀರು. ಲೋಟ ಬೆರಳಿಗೆ ತಾಗಿದ ತಕ್ಷಣ ಮೇಡಂ ಕೈ ಝಾಡಿಸಿದರು. ಲೋಟ ಉರುಳಿ, ನೀರು ಅತ್ತಿಗೆಯ ಕಾಲ ಮೇಲೆ ಚೆಲ್ಲಿತು.

“ನಮ್ಮನೆ ನೀರೂ ಬೇಡ್ವಾ ನಿಂಗೆ?” ಅಣ್ಣನ ಮುಖ ಕೆಂಪಾಗಿತ್ತು. “ಹೋಗು. ಬಂದ ದಾರೀಲೇ ಹೋಗು.”

ಮೇಡಂ ರಸ್ತೆಯ ಕಡೆ ನಡೆದರು. ನಾನು ಅಲ್ಲೇ ನಿಂತೆ. ಆ ಔಷಧಿಯ ವಿಷಯ, ತಣ್ಣಗಿನದ್ದು ಯಾಕೆ ಆಗುವುದಿಲ್ಲ, ಬೆರಳಿಗೆ ಏನಾಗುತ್ತದೆ, ಎಲ್ಲ ಹೇಳಿದೆ. ಪಾಠ ಒಪ್ಪಿಸಿದ ಹಾಗೆ ಒಂದೇ ಉಸಿರಿಗೆ ಹೇಳಿದೆ. ಅಣ್ಣ ಬಗ್ಗಿ ಲೋಟ ಎತ್ತಿಕೊಂಡರು. ಅದರ ತಣ್ಣನೆಯ ಮೈಯನ್ನು ಹೆಬ್ಬೆರಳಿನಿಂದ ಒರೆಸುತ್ತಾ ನಿಂತರು.

ಮುಂದಿನ ಕೀಮೋ ಮುಗಿಸಿ ಬರುವಾಗಲೂ ಮೇಡಂ ಅಲ್ಲೇ ಇಳಿದರು. “ಬೇಡ ಮೇಡಂ, ಮತ್ತೆ ಬೈಸ್ಕೋಬೇಕಾ?” ಎಂದೆ. “ಬೈಲಿ. ನನ್ನ ರಕ್ತವೇ ಅವನ ಮೈಯಲ್ಲೂ ಇರೋದು” ಎಂದರು. ಅಂಗಡಿಯಲ್ಲಿ ಈ ಸಲ ಎರಡು ಕುರ್ಚಿ ಹಾಕಿದ್ದರು. ಮೇಜಿನ ಮೇಲೆ ಫ್ಲಾಸ್ಕು. ಅಣ್ಣ ಗ್ರೀಸಿನ ಕೈಯನ್ನು ಬಟ್ಟೆಗೆ ಒರೆಸಿಕೊಂಡು, ಮುಚ್ಚಳಕ್ಕೆ ನೀರು ಬಗ್ಗಿಸಿ ಮುಂದೆ ಇಟ್ಟರು.

“ಕುಡಿ. ಕಾಯಿಸಿದ್ದು.”

ಮೇಡಂ ಕುಡಿದರು. ನಾನು ರಸ್ತೆಯಲ್ಲಿ ಹೋಗುವ ವಾಹನಗಳನ್ನು ನೋಡುತ್ತಾ ಕೂತೆ. ಅವತ್ತು ಅವರಿಬ್ಬರೂ ಆಡಿದ ಮಾತು ಇಷ್ಟೇ.

“ನೋವಾಗುತ್ತಾ, ಆ ಕ್ಯಾಮೆರಾ?”

“ಮಂಪರು ಕೊಡ್ತಾರೆ. ಗೊತ್ತಾಗಲ್ಲ.”

“ನಂಗೇನೂ ಆಗಿಲ್ಲ.”

“ನಂಗೂ ಏನೂ ಆಗಿಲ್ಲ ಅಂತ್ಲೇ ಇದ್ದೆ.”

ಮಳೆಗಾಲ ಮುಗಿಯುವ ಹೊತ್ತಿಗೆ ಅಣ್ಣ ಪರೀಕ್ಷೆ ಮಾಡಿಸಿಕೊಂಡರು. ಕರುಳಿನೊಳಗೆ ಅಣಬೆಯ ಹಾಗೆ ತೊಟ್ಟಿನ ಮೇಲೆ ನಿಂತ ಒಂದು ಗಂಟು ಸಿಕ್ಕಿತು. ಅಲ್ಲೇ ತೆಗೆದರು. ಕ್ಯಾನ್ಸರ್ ಆಗಿರಲಿಲ್ಲ, ಬಿಟ್ಟಿದ್ದರೆ ಆಗಬಹುದಿತ್ತು ಎಂದರು. ಸುದ್ದಿಯನ್ನು ಅವರು ತಂಗಿಗೆ ಹೇಳಲಿಲ್ಲ, ನನಗೆ ಫೋನ್ ಮಾಡಿ ಹೇಳಿದರು. ನಾನು ಮೇಡಂಗೆ ಹೇಳಿದೆ. ಅವರು ಫೋನಿನಲ್ಲೇ ಎರಡು ಚಪ್ಪಾಳೆ ತಟ್ಟಿದ್ದು ಕೇಳಿಸಿತು.

ಅದೇ ದಿನಗಳಲ್ಲಿ ಅವರ ಸ್ಕ್ಯಾನೂ ಚೆನ್ನಾಗಿ ಬಂತು. ಲಿವರಿನ ಚುಕ್ಕೆಗಳು ಕುಗ್ಗಿದ್ದವು, ಆಪರೇಷನ್ ಮಾಡುವಷ್ಟು ಅಲ್ಲದಿದ್ದರೂ. “ವರ್ಷಗಳ ಲೆಕ್ಕಕ್ಕೆ ಬಂದೆ” ಎಂದು ಮೇಡಂ ಎಲ್ಲರಿಗೂ ಹೇಳಿದರು. ಆ ವರ್ಷ ಗ್ರೌಂಡಿಗೆ ಬಂದರು. ನೆಲಕ್ಕೆ ಬಗ್ಗಲು ಆಗುತ್ತಿರಲಿಲ್ಲ, ಕುರ್ಚಿಯಲ್ಲಿ ಕೂತು ಆಡಿಸಿದರು. ಒಂದು ಭಾನುವಾರ ಅಣ್ಣ ಜನ್ನಾಪುರದ ಮನೆಗೆ ಬಂದಿದ್ದರಂತೆ. ಸೋಮವಾರ ಕೇಳಿದೆ, ಏನು ಮಾತಾಡಿದ್ರಿ ಎಂದು.

“ಏನೂ ಇಲ್ಲ ಮಾರಾಯ್ತಿ. ಬಂದ, ಕೂತ. ಫ್ಯಾನ್ ನಿಧಾನ ತಿರುಗ್ತಿದೆ ಅಂದ. ರೆಗ್ಯುಲೇಟರ್ ಬಿಚ್ಚಿ ರಿಪೇರಿ ಮಾಡಿದ. ಹೋದ.” “ಈಗ ಫ್ಯಾನ್ ಎಷ್ಟು ಜೋರಾಗಿದೆ ಅಂದ್ರೆ ನಂಗೆ ಚಳಿ” ಎಂದು ನಕ್ಕರು.

ಎಲ್ಲ ಸರಿಹೋಯಿತು ಎಂದು ನಾನು ಬರೆಯುವ ಹಾಗಿಲ್ಲ. ಅಣ್ಣ ಆಮೇಲೂ ಬಂದರು, ಆದರೆ ಅಪರೂಪ. ಮನೆಗೆ ಬಾ ಎಂದು ಕರೆದದ್ದು ಅತ್ತಿಗೆ. ಮೇಡಂ ಹೋಗಲಿಲ್ಲ. “ಅಂಗಡಿ ತನಕ ಸರಿ. ಒಳಗೆ ಹೋದ್ರೆ ಬಾತ್‌ರೂಮ್ ಕೇಳ್ಬೇಕಾಗುತ್ತೆ” ಎಂದರು. ಅವರ ಲೋಕ ಆ ಚೀಲದ ಸುತ್ತಳತೆಗೆ ಇಳಿದಿತ್ತು. ಮನೆ, ಶಾಲೆಯ ಸಾಮಾನಿನ ಕೋಣೆ, ಬಸ್ಸಿನ ಕೊನೆಯ ಸೀಟು, ಆಸ್ಪತ್ರೆ.

ಮರುವರ್ಷ ಔಷಧಿ ಹಿಡಿಯುವುದು ನಿಂತಿತು. ಲಿವರಿನದ್ದು ಬೆಳೆಯಿತು, ಶ್ವಾಸಕೋಶದಲ್ಲೂ ಕಂಡಿತು. ಎರಡನೇ ಬಗೆಯ ಔಷಧಿ ಕೊಟ್ಟರು. ಅದಕ್ಕೆ ಕೂದಲು ಹೋಯಿತು, ಭೇದಿ ಶುರುವಾಗಿ ಚೀಲ ಎಷ್ಟು ಬದಲಿಸಿದರೂ ಸಾಲದಾಯಿತು. ಕೆಲವು ತಿಂಗಳ ನಂತರ ಅದೂ ಕೆಲಸ ಮಾಡುತ್ತಿಲ್ಲ ಎಂದು ಸ್ಕ್ಯಾನು ಹೇಳಿತು. ಡಾಕ್ಟರು ಇನ್ನೊಂದು ಮಾತ್ರೆ ಇದೆ ಎಂದರು.

“ಅದು ತಗೊಂಡ್ರೆ ಏನಾಗುತ್ತೆ?” ಎಂದರು ಮೇಡಂ.

“ಸ್ವಲ್ಪ ಕಾಲ ಹೆಚ್ಚಿಗೆ ಸಿಗಬಹುದು. ಸುಸ್ತು ಜಾಸ್ತಿ ಇರುತ್ತೆ.”

“ಎದ್ದು ಓಡಾಡೋ ಕಾಲವಾ, ಮಲಗಿರೋ ಕಾಲವಾ?”

ಡಾಕ್ಟರು ಪೆನ್ನು ಕೆಳಗಿಟ್ಟರು. “ಹೆಚ್ಚಾಗಿ ಮಲಗಿರೋದು” ಎಂದರು.

“ಹಾಗಾದ್ರೆ ಬೇಡ. ನೋವಿಗೆ ಮಾತ್ರ ಏನಾದ್ರೂ ಕೊಡಿ.”

“ಕೊಡ್ತೀನಿ. ನೋವು ಪಡಬೇಕಾಗಿಲ್ಲ ನೀವು. ಔಷಧಿ ನಿಲ್ಲಿಸಿದ್ರೆ ನಮ್ಮ ಹತ್ರ ಬರೋದು ನಿಲ್ಲಿಸ್ಬೇಕು ಅಂತ ಅಲ್ಲ” ಎಂದು ಡಾಕ್ಟರು ಎದ್ದು ಬಾಗಿಲ ತನಕ ಬಂದರು. ಅವತ್ತು ನಸೀಮಾ ಡ್ಯೂಟಿಯಲ್ಲಿದ್ದಳು. ಅವಳು ಮೇಡಂ ಕೈ ಹಿಡಿದುಕೊಂಡು ಲಿಫ್ಟಿನ ತನಕ ಬಂದಳು.

ಕೊನೆಯ ತಿಂಗಳಲ್ಲಿ ಅತ್ತಿಗೆಯೇ ಜನ್ನಾಪುರಕ್ಕೆ ಬಂದು ಇದ್ದರು. ಯಾರೂ ಕರೆದಿರಲಿಲ್ಲ. ಬಟ್ಟೆಯ ಗಂಟು ಹಿಡಿದು ಮೆಟ್ಟಿಲು ಹತ್ತಿ ಬಂದರಂತೆ. ಚೀಲ ಬದಲಿಸುವುದನ್ನೂ ಕಲಿತರು. ಮೊದಲ ಸಲ ಮೇಡಂ ಮುಖ ಮುಚ್ಚಿಕೊಂಡರು ಎಂದೂ, ಆಮೇಲೆ ಮುಚ್ಚಿಕೊಳ್ಳಲಿಲ್ಲ ಎಂದೂ ಅತ್ತಿಗೆ ನನಗೆ ಹೇಳಿದರು. ನಾನು ಹೋದಾಗಲೆಲ್ಲ ಶಾಲೆಯ ಸುದ್ದಿ ಹೇಳುತ್ತಿದ್ದೆ. ಅವರು ಕಣ್ಣು ಮುಚ್ಚಿ ಕೇಳುತ್ತಿದ್ದರು. ಒಂದು ಸಂಜೆ ಕಣ್ಣು ತೆರೆಯದೆಯೇ, “ಹತ್ರ ಕೂತ್ಕೊಂಡಿದೀಯಾ ಸೈನ್ಸೇ?” ಎಂದರು. ಹೌದು ಎಂದೆ. “ಸರಿ, ಅಲ್ಲೇ ಇರು” ಎಂದರು.

ಸತ್ತದ್ದು ಒಂದು ಬೆಳಿಗ್ಗೆ, ಹತ್ತು ಗಂಟೆಯ ಸುಮಾರಿಗೆ. ನಾನು ಎಂಟನೇ ತರಗತಿಯಲ್ಲಿದ್ದೆ. ಫೋನು ಬಂದಾಗ ಗ್ರೌಂಡಿನಲ್ಲಿ ಯಾರೂ ಇರಲಿಲ್ಲ. ಬಿಸಿಲು ಮಾತ್ರ ಇತ್ತು.

ಅಣ್ಣ ಎಲ್ಲ ಕಾರ್ಯ ಮಾಡಿದರು. ಮೇಡಂ ಕಬಡ್ಡಿ ಆಡಿಸಿದ ಹುಡುಗಿಯರು ಸಾಲಾಗಿ ಬಂದು ನಿಂತದ್ದನ್ನು ನೋಡಿ, “ಇಷ್ಟು ಮಕ್ಕಳಾ?” ಎಂದು ಅವರು ಯಾರನ್ನೋ ಕೇಳಿದ್ದು ನನ್ನ ಕಿವಿಗೆ ಬಿತ್ತು.

ಕಳೆದ ತಿಂಗಳು ಅಣ್ಣ ನನಗೆ ಫೋನ್ ಮಾಡಿದರು. ಗಂಟು ತೆಗೆಸಿಕೊಂಡವರು ಕೆಲವು ವರ್ಷ ಬಿಟ್ಟು ಮತ್ತೆ ಪರೀಕ್ಷೆಗೆ ಬರಬೇಕು, ಆ ಸಮಯ ಬಂದಿತ್ತು. “ಮಂಪರು ಕೊಡ್ತಾರಲ್ಲ, ಜೊತೆಗೆ ಯಾರಾದ್ರೂ ಬೇಕಂತೆ. ಮನೆಯೋಳಿಗೆ ಹುಷಾರಿಲ್ಲ. ನೀವು ಅವಳ ಜೊತೆ ಹೋಗ್ತಿದ್ರಲ್ಲ, ಅದಕ್ಕೆ...” ಎಂದು ಅರ್ಧಕ್ಕೆ ನಿಲ್ಲಿಸಿದರು. ಬರ್ತೀನಿ ಎಂದೆ.

ಆಸ್ಪತ್ರೆಯಲ್ಲಿ ಹೊಸ ಡಾಕ್ಟರು, ಚಿಕ್ಕ ವಯಸ್ಸಿನ ಹುಡುಗಿ. “ಮನೇಲಿ ಯಾರಿಗಾದ್ರೂ ಕರುಳಿನ ಕ್ಯಾನ್ಸರ್ ಇತ್ತಾ?” ಎಂದು ಕೇಳಿದಳು.

“ಇತ್ತು. ನನ್ನ ತಂಗಿಗೆ.”

“ಅವರಿಗೆ ಎಷ್ಟು ವಯಸ್ಸಲ್ಲಿ ಗೊತ್ತಾಯ್ತು? ಮೊದಲು ಏನು ತೊಂದರೆ ಇತ್ತು?”

ಅಣ್ಣ ನನ್ನ ಕಡೆ ತಿರುಗಿದರು. “ನಂಗೊತ್ತಿಲ್ಲ. ಇವರನ್ನ ಕೇಳಿ” ಎಂದರು.

ನಾನು ಹೇಳಿದೆ. ವಯಸ್ಸು, ವರ್ಷದ ಮೇಲೆ ರಕ್ತ ಹೋಗುತ್ತಿದ್ದದ್ದು, ಮುಲಾಮು, ಗ್ರೌಂಡಿನಲ್ಲಿ ಕುಸಿದದ್ದು, ಆಪರೇಷನ್, ಲಿವರು, ಆಮೇಲೆ ಶ್ವಾಸಕೋಶ. ಆ ಹುಡುಗಿ ಬರೆದುಕೊಳ್ಳುತ್ತಾ ಹೋದಳು. ಅಣ್ಣ ಮೊಣಕಾಲ ಮೇಲೆ ಕೈ ಇಟ್ಟುಕೊಂಡು ನನ್ನ ಮುಖವನ್ನೇ ನೋಡುತ್ತಾ ಕೇಳಿದರು.

ಪರೀಕ್ಷೆಯಲ್ಲಿ ಏನೂ ಸಿ‌ಗಲಿಲ್ಲ, ಎಲ್ಲ ಸ್ವಚ್ಛವಾಗಿದೆ ಎಂದರು. ಮಂಪರು ಪೂರ್ತಿ ಇಳಿಯುವ ತನಕ ಅಲ್ಲೇ ಕೂರಿಸಿ, ಸಂಜೆಗೆ ಕಳಿಸಿದರು. ಆಟೋದಲ್ಲಿ ಬಸ್‌ಸ್ಟ್ಯಾಂಡಿಗೆ ಬಂದೆವು. ಮಲವಗೊಪ್ಪದ ತನಕ ನಾನೂ ಬರುತ್ತೇನೆ ಎಂದಿದ್ದೆ. ಬೆಂಚಿನಲ್ಲಿ ಕೂತಾಗ ಅವರು ಕೇಳಿದರು:

“ವರ್ಷದ ಮೇಲೆ ರಕ್ತ ಹೋಗ್ತಿತ್ತಾ?”

“ಹೌದು.”

“ಯಾರಿಗೂ ಹೇಳ್ಲಿಲ್ವಾ?”

“ಇಲ್ಲ.”

ಭದ್ರಾವತಿಯ ಬಸ್ಸು ಬಂತು. ಜನ ನುಗ್ಗಿದರು. ಸೀಟು ಸಿಗಲಿ ಎಂದು ನಾನು ಎದ್ದೆ. ಅವರು ಏಳಲಿಲ್ಲ.

“ಹೋಗ್ಲಿ ಬಿಡಿ, ಇನ್ನೊಂದು ಬರುತ್ತೆ” ಎಂದರು. “ಕೂತ್ಕೊಳ್ಳಿ ಮೇಡಂ. ಅವಳ ವಿಷಯ ಹೇಳಿ.”

“ಎಲ್ಲಿಂದ ಹೇಳ್ಲಿ?”

ಬಸ್ಸು ಹೊರಟು ತಿರುಗುವ ತನಕ ಅವರು ಅದನ್ನೇ ನೋಡುತ್ತಿದ್ದರು.

“ಬ್ಯಾಗ್ ತಗೊಂಡು ನಮ್ಮನೆಯಿಂದ ಹೊರಟ್ಲಲ್ಲ,” ಎಂದರು, “ಅಲ್ಲಿಂದ.”